ಬಾಕಿ ಐದು ರೂಪಾಯಿ

ಈ ಸಲ ದೀಪಾವಳಿಗೆ ಊರಿಗೆ ಹೋದಾಗ ಅತ್ತೆ ನನಗೊಂದು ಕೆಲಸ ಹಚ್ಚಿದರು. ಅಟ್ಟದ ಮೇಲಿನ ಟ್ರಂಕಿನಿಂದ ಎರಡು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿಟ್ಟಿದ್ದ ಕ್ಯಾಸೆಟ್ಟೊಂದನ್ನು ತೆಗೆದು ಕೈಗೆ ಕೊಟ್ಟು ಹೇಳಿದರು:

"ನೀ ಕಂಪ್ಯೂಟರ್ ಕೆಲಸ ಮಾಡಾಂವ. ಇದನ್ನ ಮೊಬೈಲಿಗೆ ಹಾಕಿಸಿಕೊಡಪಾ. ಹುಡುಗಿ ತನ್ನ ಮದುವ್ಯಾಗ ನಮ್ಮ ಮದುವಿ ಎಲ್ಲಾರಿಗೂ ತೋರಸ್ತೀನಿ ಅಂತಾಳ. ನಮ್ಮಪ್ಪನ್ನೂ ಒಂದು ಸಲ ನೋಡಿದಂಗಾಕ್ಕತಿ."

ನಾನು "ಹೂಂ" ಅಂದೆ. ಆದರೆ ಹೊಟ್ಟೆಯೊಳಗೆ ಏನೋ ಕುಸಿದಂತಾಯಿತು. ಯಾಕೆಂದರೆ ಆ ಕ್ಯಾಸೆಟ್ಟಿನಲ್ಲಿ ಅತ್ತೆಯ ಮದುವೆ ಇಲ್ಲ. ಅಜ್ಜನೂ ಇಲ್ಲ. ಅದು ಇಡೀ ಮನೆಯಲ್ಲಿ ನನಗೊಬ್ಬನಿಗೇ ಗೊತ್ತು, ಅದೂ ಸುಮಾರು ಮೂವತ್ತು ವರ್ಷದಿಂದ!

ಪೂರ್ತಿ ಹೇಳಿಬಿಡುತ್ತೇನೆ.

ನಮ್ಮದು ಹಾನಗಲ್ಲ ಹತ್ತಿರದ ಹಳ್ಳಿ. ಅತ್ತೆಯ ಮದುವೆ ಆದದ್ದು 1992ರಲ್ಲಿ. ನಮ್ಮ ಮನೆತನದಲ್ಲಿ ವಿಡಿಯೋ ಮಾಡಿಸಿದ ಮೊದಲ ಮದುವೆ ಅದು. ಹಾನಗಲ್ಲಿನಲ್ಲಿ ಕ್ಯಾಸೆಟ್ ಅಂಗಡಿ ಇಟ್ಟಿದ್ದ ಕಾಕಾ ಭುಜದ ಮೇಲೆ ದೊಡ್ಡ ಕ್ಯಾಮೆರಾ ಹೊತ್ತುಕೊಂಡು ಬಂದಿದ್ದರು. ಅವರ ಹಿಂದೆ ಒಬ್ಬ ಹುಡುಗ ಕಣ್ಣು ಕುಕ್ಕುವ ಲೈಟು ಹಿಡಿದುಕೊಂಡು ಓಡಾಡುತ್ತಿದ್ದ. ಆ ಲೈಟು ಮುಖಕ್ಕೆ ಬಿದ್ದ ಕೂಡಲೇ ಹಂದರದಲ್ಲಿ ಊಟಕ್ಕೆ ಕೂತವರೆಲ್ಲ ತುತ್ತು ಕೈಯಲ್ಲೇ ಹಿಡಿದು ಫೋಟೋಕ್ಕೆ ಕೂತಂತೆ ಕೂತುಬಿಡುತ್ತಿದ್ದರು. ಅಜ್ಜ ಮಾತ್ರ ತನ್ನ ಪಾಡಿಗೆ ಬಡಿಸುತ್ತಲೇ ಇದ್ದ. ಅಜ್ಜನಿಗೆ ಸಿನಿಮಾ ಅಂದರೆ ಆಗುತ್ತಿರಲಿಲ್ಲ. "ನೋಡಿ ನೋಡಿ ಕೆಟ್ಟು ಹೋಗ್ತೀರಿ" ಅನ್ನುವುದು ಅವನ ದಿನದ ಮಾತಾಗಿತ್ತು. ಅವನು ತೀರಿಕೊಂಡದ್ದು 1994ರಲ್ಲಿ. ಅವನು ನಡೆಯುವ, ಮಾತಾಡುವ ಚಿತ್ರ ಅಂತ ಇದ್ದದ್ದು ಆ ಮದುವೆ ಕ್ಯಾಸೆಟ್ಟಿನಲ್ಲಿ ಮಾತ್ರ.

1996ರ ಮಾರ್ಚ್ 9. ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ವಿಶ್ವಕಪ್ಪಿನ ಕ್ವಾರ್ಟರ್ ಫೈನಲ್, ಭಾರತ ಮತ್ತು ಪಾಕಿಸ್ತಾನ. ನನಗೆ ಎಸ್ಸೆಸ್ಸೆಲ್ಸಿ ಪರೀಕ್ಷೆ ಹತ್ತಿರ ಬಂದಿತ್ತು, ಮನೆಯಲ್ಲಿ ಟಿವಿ ಬಂದ್. ಪಂದ್ಯ ರೆಕಾರ್ಡ್ ಮಾಡಿಸಿ ಪರೀಕ್ಷೆ ಮುಗಿದ ಮೇಲೆ ನೋಡೋಣ ಅಂತ ಉಪಾಯ ಹೂಡಿದೆ. ಖಾಲಿ ಕ್ಯಾಸೆಟ್ ಕೊಳ್ಳಲು ರೊಕ್ಕ ಎಲ್ಲಿತ್ತು? ಟ್ರಂಕಿನಲ್ಲಿ ಒಂದು ಕ್ಯಾಸೆಟ್ ಇತ್ತು...

ಆ ಕಾಲದವರಿಗೆ ನೆನಪಿರಬಹುದು. ವಿಡಿಯೋ ಕ್ಯಾಸೆಟ್ಟಿನ ಬೆನ್ನಿನ ಅಂಚಿನಲ್ಲಿ ಒಂದು ಚಿಕ್ಕ ಪ್ಲಾಸ್ಟಿಕ್ ತುಂಡು ಇರುತ್ತಿತ್ತು. ಅದನ್ನು ಮುರಿದರೆ ಯಂತ್ರ ಆ ಕ್ಯಾಸೆಟ್ಟಿನ ಮೇಲೆ ರೆಕಾರ್ಡ್ ಮಾಡಲು ಒಪ್ಪುವುದಿಲ್ಲ. ಮದುವೆ ಕ್ಯಾಸೆಟ್ಟುಗಳಿಗೆ ಕಾಕಾ ಮೊದಲು ಮಾಡುತ್ತಿದ್ದ ಕೆಲಸವೇ ಅದು. ಆದರೆ ಆ ತೂತಿನ ಮೇಲೆ ಸೆಲ್ಲೋಟೇಪ್ ಅಂಟಿಸಿಬಿಟ್ಟರೆ ಯಂತ್ರ ಪಾಪ, ಮೋಸ ಹೋಗುತ್ತದೆ. ನಾನು ಅದನ್ನೇ ಮಾಡಿದೆ. ಮೇಲಿನ ಚೀಟಿ ಕಿತ್ತು, "ಕಾಕಾ, ಇದು ಖಾಲಿ ಐತಿ" ಅಂತ ಸುಳ್ಳು ಹೇಳಿ ಅಂಗಡಿಗೆ ಕೊಟ್ಟು ಬಂದೆ. ಅವರು ಪಾಕಿಸ್ತಾನದ ಇಡೀ ಬ್ಯಾಟಿಂಗ್ ರೆಕಾರ್ಡ್ ಮಾಡಿಕೊಟ್ಟರು, ದುಡ್ಡೂ ತೆಗೆದುಕೊಳ್ಳಲಿಲ್ಲ.

ಪರೀಕ್ಷೆ ಮುಗಿದ ಮೇಲೆ ಅಂಗಡಿಯಲ್ಲೇ ಕೂತು ನೋಡಿದೆ. ಮೊದಲು ಗಣಪತಿ ಬಂದ, ಆಮೇಲೆ ಗುಲಾಬಿ ಹೂವು, ಎರಡು ಹೃದಯ, ಅವುಗಳೊಳಗೆ ಅತ್ತೆ-ಮಾವನ ಹೆಸರು. ಅಷ್ಟರಲ್ಲಿ ಪರದೆ ಒಮ್ಮೆ ಕೊಸರಾಡಿ, ಚಿನ್ನಸ್ವಾಮಿ ಕ್ರೀಡಾಂಗಣ! ವೆಂಕಟೇಶ್ ಪ್ರಸಾದ್ ಆಮೀರ್ ಸೊಹೈಲನ ಸ್ಟಂಪು ಹಾರಿಸಿದ್ದನ್ನು ಮತ್ತೆ ಮತ್ತೆ ಹಿಂದೆ ತಿರುಗಿಸಿ ನೋಡಿದೆ. ಖುಷಿಯಾಯಿತು, ಸುಳ್ಳು ಯಾಕೆ ಹೇಳಲಿ. ಅಜ್ಜನನ್ನು ಅಳಿಸಿದ್ದೇನೆ ಅನ್ನುವುದು ಹೊಳೆದದ್ದು ಮನೆಗೆ ಬರುವ ದಾರಿಯಲ್ಲಿ. ಚೀಟಿ ಮತ್ತೆ ಅಂಟಿಸಿ ಟ್ರಂಕಿನಲ್ಲಿಟ್ಟೆ. ಆಮೇಲೆ ಯಾರೂ ಅದನ್ನು ಕೇಳಲಿಲ್ಲ, ಈ ದೀಪಾವಳಿಯವರೆಗೆ.

*

ನನಗಿದ್ದ ಆಸೆ ಒಂದೇ. ಕಾಕಾ ಮದುವೆ ಶೂಟಿಂಗ್ ಮಾಡಿದ ಮೂಲ ಕ್ಯಾಸೆಟ್ ತಾವಿಟ್ಟುಕೊಂಡು, ಹಾಡು ಸೇರಿಸಿದ ಪ್ರತಿಯನ್ನು ಮನೆಯವರಿಗೆ ಕೊಡುತ್ತಿದ್ದರು. ಆ ಮೂಲ ಎಲ್ಲಾದರೂ ಉಳಿದಿದ್ದರೆ? ಚಿಕ್ಕಪ್ಪನ ಮಗನ ಬೈಕು ತೆಗೆದುಕೊಂಡು ಮರುದಿನ ಬೆಳಿಗ್ಗೆಯೇ ಹೊರಟೆ. ಯಾಕೆ ಅಂತ ಮನೆಯಲ್ಲಿ ಹೇಳಲಿಲ್ಲ.

ಹಾನಗಲ್ಲಿನ ಅಂಗಡಿ ಇದ್ದ ಜಾಗದಲ್ಲಿ ಈಗ ಮೊಬೈಲ್ ಅಂಗಡಿ ಇದೆ. ಶಟರು ಮಾತ್ರ ಅದೇ. ಬಣ್ಣ ಎದ್ದ ಕಡೆ ಹಳೆಯ ನೀಲಿ ಅಕ್ಷರದ "ವಿಡಿ" ಅನ್ನುವಷ್ಟು ಇನ್ನೂ ಕಾಣುತ್ತದೆ. ಕಲ್ಯಾಣ ಚಾಲುಕ್ಯರ ಕಾಲದ ತಾರಕೇಶ್ವರ ದೇವಸ್ಥಾನ ಇರುವ ಊರು ನಮ್ಮದು. ಅಲ್ಲಿಯ ಕಲ್ಲು ಕಲ್ಲಿಗೂ ಇತಿಹಾಸ ಬರೆದಿದ್ದಾರೆ. ಮೂವತ್ತು ವರ್ಷದ ಹಿಂದಿನ ಈ ಅಂಗಡಿಯ ಬಗ್ಗೆ ಕೇಳಿದರೆ ಒಳಗಿದ್ದ ಹುಡುಗನಿಗೆ ಅದು ಇತ್ತೆನ್ನುವುದೇ ಗೊತ್ತಿಲ್ಲ. ಪಕ್ಕದ ಚಹಾದಂಗಡಿಯ ಹಿರಿಯರು ದಾರಿ ತೋರಿಸಿದರು: "ಮಷೀನು ಶಿಗ್ಗಾಂವಿಯ ಒಬ್ಬ ಫೋಟೋದಾಂವ ಒಯ್ದ. ಕ್ಯಾಸೆಟ್ಟು ಸವಣೂರಿಗೆ ಹೋದುವು. ಅಂವ ಮಗಳ ಮನ್ಯಾಗ ಹಿರೇಕೆರೂರಾಗ ಅದಾನ."

ಒಂದು ಅಂಗಡಿ ಮೂರು ತಾಲ್ಲೂಕಿಗೆ ಹಂಚಿ ಹೋಗಿತ್ತು.

ಶಿಗ್ಗಾಂವಿ ಕಡೆ ಗಾಡಿ ತಿರುಗಿಸಿದೆ. ಈ ಊರಿಗೆ ಆಗ ನಮ್ಮ ನಡುವೆ ಒಂದು ಗತ್ತು ಇತ್ತು. ಪುಣೆ-ಬೆಂಗಳೂರು ಹೆದ್ದಾರಿಯ ಮೇಲಿನ ಊರಲ್ಲವೇ, ಹುಬ್ಬಳ್ಳಿಯಿಂದ ಬರುವ ಹೊಸ ಕ್ಯಾಸೆಟ್ಟು ಮೊದಲು ಅಲ್ಲಿ ಇಳಿದು ಆಮೇಲೆ ಹಾನಗಲ್ಲಿಗೆ ಬರುತ್ತದೆ ಅಂತ ನಾವು ಹೊಟ್ಟೆಕಿಚ್ಚು ಪಡುತ್ತಿದ್ದೆವು. ಫೋಟೋ ಸ್ಟುಡಿಯೋದವರು ಒಳ್ಳೆಯವರು. ಮೂಲೆಯಿಂದ ಯಂತ್ರ ತೆಗೆದು ತೋರಿಸಿದರು. ಅದು ವಿಸಿಆರ್. ನಾವೆಲ್ಲ ರಾತ್ರಿ ಬಾಡಿಗೆಗೆ ತರುತ್ತಿದ್ದದ್ದು ವಿಸಿಪಿ, ಅದರಲ್ಲಿ ನೋಡಬಹುದು ಅಷ್ಟೇ, ರೆಕಾರ್ಡ್ ಆಗುವುದಿಲ್ಲ. ವಿಸಿಆರ್ ಅಂಗಡಿಯವರ ಆಸ್ತಿ, ಅದನ್ನು ಹೊರಗೆ ಬಿಡುತ್ತಿರಲಿಲ್ಲ. "ರಬ್ಬರ್ ಬೆಲ್ಟು ಕರಗಿ ಹೋಗೇತಿ ಸರ್, ಸಾಮಾನು ಸಿಗಂಗಿಲ್ಲ" ಅಂದರು. ಜಪಾನಿನ ಜೆವಿಸಿ ಕಂಪನಿ 1976ರಲ್ಲಿ ಶುರು ಮಾಡಿದ ವಿಎಚ್‌ಎಸ್ ಯಂತ್ರಗಳನ್ನು ಕೊನೆಯವರೆಗೆ ತಯಾರಿಸುತ್ತಿದ್ದದ್ದು ಫುನಾಯ್ ಕಂಪನಿ. ಅದೂ 2016ರ ಜುಲೈನಲ್ಲಿ ನಿಲ್ಲಿಸಿತು. ಅಂದರೆ ಈಗ ಜಗತ್ತಿನಲ್ಲಿ ಉಳಿದಿರುವ ಯಂತ್ರಗಳೆಲ್ಲ ಹಳೆಯವೇ.

ಅಲ್ಲಿಂದ ಸವಣೂರು. ನವಾಬರ ಊರು, ಖಾರಾ ಮತ್ತು ಎಲೆಯ ಊರು, ವಿ. ಕೃ. ಗೋಕಾಕರು ಹುಟ್ಟಿದ ಊರು. ಇಲ್ಲಿಯ ಅಂಗಡಿಯಲ್ಲಿ ಹಿಂದಿ ಸಿನಿಮಾಗಳದ್ದೇ ಒಂದು ಗೋಡೆ ಇತ್ತು ಅಂತ ಕಾಕಾ ಹೇಳುತ್ತಿದ್ದದ್ದು ನೆನಪಿತ್ತು. ಕ್ಯಾಸೆಟ್ಟು ಕೊಂಡಿದ್ದ ಚಾಚಾ ಈಗ ಝೆರಾಕ್ಸ್ ಅಂಗಡಿ ನಡೆಸುತ್ತಾರೆ. ನಕ್ಕರು. "ಅವು ಎಲ್ಲಿ ಅದಾವ್ರಿ! ಮಳಿಗಾಲದಾಗ ಬೂರ್ಸು ಹಿಡದು ಬೆಳ್ಳಗಾದುವು. ಗುಜರಿಯವ ಚೀಲಗಟ್ಟಲೆ ಒಯ್ದ."

ಅವರು ಹೇಳಿದ್ದು ನಿಜ. ಮೂರು ತಾಸಿನ ಕ್ಯಾಸೆಟ್ಟಿನಲ್ಲಿ ಅರ್ಧ ಇಂಚು ಅಗಲದ, ಸುಮಾರು 250 ಮೀಟರ್ ಉದ್ದದ ಟೇಪು ಸುತ್ತಿರುತ್ತದೆ. ಅದರ ಮೇಲೆ ಕಾಂತಗುಣದ ಪುಡಿಯನ್ನು ಅಂಟಿನಲ್ಲಿ ಕಲಸಿ ಬಳಿದಿರುತ್ತಾರೆ. ಚಿತ್ರ ಇರುವುದು ಆ ಪುಡಿಯಲ್ಲಿ. ತೇವಕ್ಕೆ ಬೂಷ್ಟು ಬರುತ್ತದೆ, ಅಂಟು ಸಡಿಲಾಗುತ್ತದೆ. ಬೂಷ್ಟು ಹಿಡಿದ ಕ್ಯಾಸೆಟ್ಟನ್ನು ಹಾಗೆಯೇ ಯಂತ್ರಕ್ಕೆ ಹಾಕಿದರೆ ಟೇಪೂ ಹಾಳು, ಯಂತ್ರದ ಹೆಡ್ಡೂ ಹಾಳು, ಆಮೇಲೆ ಹಾಕಿದ ಒಳ್ಳೆಯ ಕ್ಯಾಸೆಟ್ಟಿಗೂ ಅದೇ ರೋಗ.

ಆದರೆ ಚಾಚಾ ಒಳಗೆ ಹೋಗಿ ಒಂದು ರಟ್ಟಿನ ಡಬ್ಬಿ ತಂದರು. ಅದರಲ್ಲಿ ಹತ್ತಿಪ್ಪತ್ತು ಕ್ಯಾಸೆಟ್ಟು. ಎಲ್ಲದರ ಮೇಲೂ ಗಂಡು-ಹೆಣ್ಣಿನ ಹೆಸರು, ಊರು, ತಾರೀಖು. ಮನೆಯಲ್ಲಿ ಯಂತ್ರ ಇಲ್ಲದವರು ತಮ್ಮ ಮದುವೆ ಕ್ಯಾಸೆಟ್ಟನ್ನು ಅಂಗಡಿಯಲ್ಲೇ ಇಟ್ಟಿರುತ್ತಿದ್ದರಂತೆ, ಬೇಕಾದಾಗ ವಿಸಿಪಿ ಜೊತೆಗೇ ಒಯ್ದು ನೋಡುತ್ತಿದ್ದರಂತೆ. ಹಾಗೇ ಬಿಟ್ಟು ಹೋದವು ಇವು. "ಸಿನಿಮಾ ಗುಜರಿಗೆ ಹಾಕಿದೆ. ಮದುವಿ ಹಾಕೂದು ಹೆಂಗ್ರಿ?" ಅಂದರು. ಒಂದೊಂದಾಗಿ ನೋಡಿದೆ. ನಮ್ಮದು ಇರಲಿಲ್ಲ.

ಹೊರಗೆ ಬಂದು ಸವಣೂರಿನ ದೊಡ್ಡ ಹುಣಸೆ ಮರಗಳ ಹತ್ತಿರ ಸ್ವಲ್ಪ ಹೊತ್ತು ಕೂತೆ. ನಿಮಗೆ ಗೊತ್ತಿರಬಹುದು, ಅವು ಹುಣಸೆ ಅಲ್ಲ, ಆಫ್ರಿಕಾ ಮೂಲದ ಬಾವೊಬಾಬ್. 2023ರ ಜುಲೈನಲ್ಲಿ ಅವುಗಳಲ್ಲೊಂದು ಉರುಳಿ ಬಿತ್ತು. ಬಿದ್ದ ಮರವನ್ನು ಎತ್ತಿ ಮತ್ತೆ ನೆಟ್ಟರು. ಆ ಸುದ್ದಿ ಓದಿದಾಗ ಬಹಳ ಸಂತೋಷವಾಗಿತ್ತು. ಬಿದ್ದದ್ದು ಎಲ್ಲರಿಗೂ ಕಂಡರೆ ಎತ್ತುವವರೂ ಬರುತ್ತಾರೆ. ಕ್ಯಾಸೆಟ್ ಅಂಗಡಿ ಬಿದ್ದದ್ದು ಯಾರಿಗೂ ಕಾಣಲೇ ಇಲ್ಲ. ಮೊದಲು ಕೇಬಲ್ ಬಂತು, ಆಮೇಲೆ ಸಿಡಿ, ಆಮೇಲೆ ಮೊಬೈಲು. ಒಂದು ದಿನ ಶಟರು ಇಳಿಯಿತು, ಅಷ್ಟೆ.

*

ಮರುದಿನ ಹಿರೇಕೆರೂರು. ಕಾಕಾ ಮಗಳ ಮನೆಯ ಕಟ್ಟೆಯ ಮೇಲೆ ಪೇಪರ್ ಓದುತ್ತ ಕೂತಿದ್ದರು. ಕಣ್ಣು ಮಂಜಾಗಿದೆ, ನೆನಪು ಮಾತ್ರ ಚಾಕುವಿನಂತಿದೆ. ಅಜ್ಜನ ಹೆಸರು ಹೇಳುತ್ತಲೇ ಗುರುತು ಹಿಡಿದರು.

"ಕಾಕಾ, 1992ರ ನಮ್ಮತ್ತಿ ಮದುವಿ ಶೂಟಿಂಗ್ ಮಾಡಿದ್ದ ಮೂಲ ಕ್ಯಾಸೆಟ್ಟು..."

"ಅವೆಲ್ಲಿ ಇಟ್ಕೊಳ್ಳೂದು ತಮ್ಮಾ? ಕ್ಯಾಸೆಟ್ಟಿಗೆ ರೊಕ್ಕ ಬೀಳ್ತಿತ್ತು. ಒಂದು ಮದುವಿ ಕೊಟ್ಟ ಮ್ಯಾಲ ಅದರ ಮ್ಯಾಲೇ ಇನ್ನೊಂದು ಮದುವಿ ತೆಗೀತಿದ್ದೆ."

ಒಂದು ಕ್ಷಣ ನಗು ಬಂತು. ನಾನು ಅಳಿಸುವುದಕ್ಕೆ ನಾಲ್ಕು ವರ್ಷ ಮೊದಲೇ ಅವರು ಅಳಿಸಿದ್ದರು! ಆದರೆ ಅವರದ್ದು ಹೊಟ್ಟೆಪಾಡು, ನನ್ನದು ಸುಳ್ಳು. ತಡೆಯಲಾಗದೆ 1996ರ ಕತೆಯನ್ನೆಲ್ಲ ಹೇಳಿಬಿಟ್ಟೆ. ಕಾಕಾ ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ ಒಳಗೆ ಹೋಗಿ ಕೆಂಪು ಬಟ್ಟೆಯ ರಟ್ಟಿನ ನಾಲ್ಕು ಉದ್ದನೆಯ ಲೆಕ್ಕದ ಪುಸ್ತಕ ತಂದರು. ಅಂಗಡಿಯಲ್ಲಿ ಅವರು ಉಳಿಸಿಕೊಂಡದ್ದು ಅವುಗಳನ್ನು ಮಾತ್ರ.

ಗೆಳೆಯರೇ, ಆ ಪುಸ್ತಕ ತೆರೆದಾಗ ನನಗೆ ಆದದ್ದನ್ನು ಹೇಗೆ ಹೇಳಲಿ. ತಾರೀಖು, ಹೆಸರು, ಸಿನಿಮಾ, ರೂಪಾಯಿ ಅಂತ ನಾಲ್ಕೇ ಕಾಲಮ್ಮು. ಆದರೆ ನಮ್ಮೂರ ಸುತ್ತಲಿನ ಹತ್ತು ವರ್ಷ ಅದರಲ್ಲಿ ಕೂತಿತ್ತು. ಸುಗ್ಗಿ ಮುಗಿದ ಮೇಲೆ "ಟಿವಿ, ವಿಸಿಪಿ, 3 ಕ್ಯಾಸೆಟ್, ರಾತ್ರಿ" ಅನ್ನುವ ಸಾಲುಗಳು ಸಾಲಾಗಿ ಬರುತ್ತವೆ. ಗಣಪತಿ ಹಬ್ಬಕ್ಕೆ ಓಣಿ ಓಣಿಯ ಹುಡುಗರ ಹೆಸರು. ಶ್ರಾವಣದಲ್ಲಿ ಭಕ್ತಿ ಚಿತ್ರ. 'ಪ್ರೇಮಲೋಕ', 'ನಂಜುಂಡಿ ಕಲ್ಯಾಣ', 'ಮೈನೆ ಪ್ಯಾರ್ ಕಿಯಾ' ಎಷ್ಟು ಸಲ ಹೋಗಿವೆಯೋ ಲೆಕ್ಕವಿಲ್ಲ. ಟಿವಿಯನ್ನು ಚಕ್ಕಡಿಯಲ್ಲಿ ಹುಲ್ಲಿನ ಮೇಲಿಟ್ಟು ತರುತ್ತಿದ್ದದ್ದು, ಕರೆಂಟು ಹೋದರೆ ಇಡೀ ಓಣಿ ಅಂಗಳದಲ್ಲೇ ಮಲಗಿ ಕಾಯುತ್ತಿದ್ದದ್ದು, ಬೆಳಗಿನ ಜಾವದ ಮೂರನೇ ಸಿನಿಮಾದ ಹೊತ್ತಿಗೆ ಎಚ್ಚರ ಇರುತ್ತಿದ್ದವರು ಮೂರೇ ಜನ... ಎಲ್ಲ ಒಮ್ಮೆಲೇ ನುಗ್ಗಿ ಬಂತು.

ಮೊಬೈಲ್ ತೆಗೆದು ಫೋಟೋ ಹೊಡೆಯಲು ಹೋದೆ. ಕಾಕಾ ಕೈ ಅಡ್ಡ ಹಿಡಿದರು.

"ಬ್ಯಾಡ ತಮ್ಮಾ. ಇದರಾಗ ಮಂದಿ ಮರ್ಯಾದಿ ಐತಿ. ಯಾರು ಎಂಥಾ ಕ್ಯಾಸೆಟ್ ಒಯ್ದಾರ, ಯಾರು ಬಾಕಿ ಉಳಿಸ್ಯಾರ, ಎಲ್ಲಾ ಐತಿ. ಅದಾರ ಇನ್ನೂ ಅವರು."

ಮೊದಲು ಬೇಸರವಾಯಿತು. ಆಮೇಲೆ ಅವರು ಹೇಳಿದ್ದೇ ಸರಿ ಅನ್ನಿಸಿತು. ಕಾನೂನಿನ ಭಯವೂ ಅದರಲ್ಲಿ ಸೇರಿತ್ತು. 1984ರಲ್ಲಿಯೇ ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಮಾಡಿ, ವಿಡಿಯೋ ಕ್ಯಾಸೆಟ್ಟಿನ ಮೇಲೆ ಹಕ್ಕುದಾರರ ಹೆಸರು, ಸೆನ್ಸಾರ್ ಪ್ರಮಾಣಪತ್ರದ ಪ್ರತಿ ಎಲ್ಲ ಇರಬೇಕು ಅಂದಿದ್ದರು. ಕಾಕಾನ ಅಂಗಡಿಯಲ್ಲಿ ಅಂಥವೂ ಇದ್ದವು, ಅಂಥವಲ್ಲದವೂ ಇದ್ದವು. ಅವರೇ ನಗುತ್ತ ಒಪ್ಪಿಕೊಂಡರು. ಇಂಥ ಅಂಗಡಿಗಳ ಚರಿತ್ರೆ ಎಲ್ಲೂ ಬರೆದಿಲ್ಲದಿರುವುದಕ್ಕೆ ಇದೂ ಒಂದು ಕಾರಣ ಇರಬೇಕು. ಅರ್ಧ ಮುಚ್ಚಿಟ್ಟು ನಡೆಸಿದ ವ್ಯಾಪಾರಕ್ಕೆ ದಾಖಲೆ ಇಟ್ಟವರು ಯಾರು?

ಕೊನೆಗೆ ಒಪ್ಪಂದವಾಯಿತು. ಹೆಸರು ಬಿಟ್ಟು ಉಳಿದದ್ದನ್ನು, ತಾರೀಖು, ಸಿನಿಮಾ, ಬಾಡಿಗೆ ಇಷ್ಟನ್ನು, ನಾನು ಕೈಯಲ್ಲಿ ಬರೆದುಕೊಳ್ಳಬಹುದು. ಮಧ್ಯಾಹ್ನದವರೆಗೆ ಕೂತು ಬರೆದೆ. ಹಾಗೆ ಬರೆಯುವಾಗಲೇ ಕಾಕಾ ಒಂದು ಪುಟ ತಿರುವಿ ಬೆರಳಿಟ್ಟು, "ಇದೊಂದು ಹೆಸರು ನೋಡಿದ್ರ ಅಡ್ಡಿ ಇಲ್ಲ" ಅಂದರು.

ಅಜ್ಜನ ಹೆಸರು. ಸಿನಿಮಾದ ಜಾಗದಲ್ಲಿ "ಶರೀಫ". ಅದರ ಮುಂದೆ "ಇಲ್ಲೇ". ಮುಂದೆ 5.

ನನಗೆ ಅರ್ಥವಾಗಲಿಲ್ಲ. ಕಾಕಾ ಬಿಡಿಸಿ ಹೇಳಿದರು. ಅಜ್ಜ ಸಂತೆಗೆ ಬಂದಾಗ ಚೀಲ ಕೆಳಗಿಟ್ಟು ಅಂಗಡಿಯ ಒಳಗಿನ ಸ್ಟೂಲಿನ ಮೇಲೆ ಕೂರುತ್ತಿದ್ದನಂತೆ. ನಾಗಾಭರಣರ 'ಸಂತ ಶಿಶುನಾಳ ಶರೀಫ' ಹಾಕಲು ಹೇಳುತ್ತಿದ್ದನಂತೆ. ಪೂರ್ತಿ ನೋಡಲು ಹೊತ್ತಿರುತ್ತಿರಲಿಲ್ಲ. ಬಸ್ಸಿನ ಹೊತ್ತಿಗೆ ಎದ್ದು ಹೋಗಿ, ಮುಂದಿನ ಸಂತೆಗೆ ಬಂದು ನಿಲ್ಲಿಸಿದಲ್ಲಿಂದ ಮತ್ತೆ ನೋಡುತ್ತಿದ್ದನಂತೆ. ಅದಕ್ಕೇ "ಇಲ್ಲೇ", ಅದಕ್ಕೇ ಅರ್ಧ ಬಾಡಿಗೆ. "ಅಶ್ವತ್ಥರ ಹಾಡು ಬಂದ್ರ ತಾನೂ ದನಿ ಕೂಡಸ್ತಿದ್ದ. ಅಂಗಡ್ಯಾಗಿನ ಗಿರಾಕಿ ಸುಮ್ನ ನಿಲ್ಲತಿದ್ರು."

ಅಜ್ಜ ಹುಟ್ಟಿದ್ದು ಶಿಗ್ಗಾಂವಿ ತಾಲ್ಲೂಕಿನಲ್ಲಿ, ಶಿಶುನಾಳದ ಹತ್ತಿರದ ಹಳ್ಳಿಯಲ್ಲಿ. ತತ್ವಪದ ಹಾಡುತ್ತಿದ್ದ ಅಂತ ಗೊತ್ತಿತ್ತು. ಸಿನಿಮಾ ನೋಡಿದರೆ ಕೆಡುತ್ತೀರಿ ಅನ್ನುತ್ತಿದ್ದ ಅಜ್ಜ ಕದ್ದು ಸಿನಿಮಾ ನೋಡುತ್ತಿದ್ದ ಅನ್ನುವುದು ಮಾತ್ರ ಗೊತ್ತಿರಲಿಲ್ಲ! 1991ರಿಂದ 1994ರವರೆಗೆ ಎಣಿಸಿದೆ, ಹದಿನಾಲ್ಕು ಸಾಲು. ಕೊನೆಯ ಸಾಲಿನ ಮುಂದೆ 5ರ ಜೊತೆ "ಬಾಕಿ" ಅಂತ ಇತ್ತು. ಅದು ಅವನು ತೀರಿಕೊಂಡ ವರ್ಷದ ಮಳೆಗಾಲ.

ಕಿಸೆಯಿಂದ ರೊಕ್ಕ ತೆಗೆದೆ. ಕಾಕಾ ಪುಸ್ತಕ ಮುಚ್ಚಿಬಿಟ್ಟರು.

"ಬ್ಯಾಡ. ಬಾಕಿ ತೀರಿತಂದ್ರ ಹೆಸರಿನ ಮ್ಯಾಲ ಗೀಟು ಹೊಡಿಬೇಕಾಕ್ಕತಿ. ಇರ್ಲಿ ಬಿಡು."

*

ವಾಪಸ್ ಬರುವಾಗ ದಾರಿಯುದ್ದಕ್ಕೂ ಒಂದೇ ಯೋಚನೆ. ನಾವು ಉಳಿಸುವುದು ಅಂದಾಗಲೆಲ್ಲ ಸಿನಿಮಾ ಉಳಿಸುವುದು ಅಂದುಕೊಳ್ಳುತ್ತೇವೆ. ಅದೂ ಬೇಕು. ಕನ್ನಡದ ಮೊದಲ ವಾಕ್ಚಿತ್ರ, 1934ರ 'ಸತಿ ಸುಲೋಚನ'ದ ಒಂದು ಪ್ರತಿಯೂ ನಮಗೆ ಉಳಿದಿಲ್ಲ. ಅಮೆರಿಕದಲ್ಲಿ ಅಂಗಡಿಯನ್ನೇ ಉಳಿಸಿಕೊಂಡವರಿದ್ದಾರೆ. ಸಿಯಾಟಲ್‌ನಲ್ಲಿ 1988ರಲ್ಲಿ ಶುರುವಾದ ಸ್ಕೇರ್‌ಕ್ರೋ ವಿಡಿಯೋ ಎಂಬ ಅಂಗಡಿ 2014ರಲ್ಲಿ ಲಾಭರಹಿತ ಸಂಸ್ಥೆಯಾಯಿತು. ನ್ಯೂಯಾರ್ಕಿನ ಕಿಮ್ಸ್ ವಿಡಿಯೋದ ಸಂಗ್ರಹ 2009ರಲ್ಲಿ ಇಟಲಿಯ ಸಿಸಿಲಿಯ ಸಲೇಮಿ ಎಂಬ ಊರಿಗೆ ಹೋಗಿ, 2022ರಲ್ಲಿ ಮತ್ತೆ ನ್ಯೂಯಾರ್ಕಿಗೆ ಬಂತು. ಅವರ ಬಳಿ ಬೇರೆಲ್ಲೂ ಸಿಗದ ಸಿನಿಮಾಗಳಿದ್ದವು.

ಕಾಕಾನ ಅಂಗಡಿಯಲ್ಲಿ ಹಾಗಿರಲಿಲ್ಲ. 'ಪ್ರೇಮಲೋಕ' ಗುಜರಿಗೆ ಹೋದರೂ ಜಗತ್ತಿಗೆ ನಷ್ಟವಿಲ್ಲ, ಬೇಕಾದಾಗ ಮೊಬೈಲಿನಲ್ಲಿ ಸಿಗುತ್ತದೆ. ಬೇರೆಲ್ಲೂ ಸಿಗದೇ ಇರುವುದು ಸವಣೂರಿನ ಆ ರಟ್ಟಿನ ಡಬ್ಬಿ, ಹಿರೇಕೆರೂರಿನ ಆ ನಾಲ್ಕು ಪುಸ್ತಕ, ಮತ್ತೆ ಕಾಕಾನ ತಲೆಯೊಳಗಿರುವುದು. "ಇಲ್ಲೇ" ಅಂದರೆ ಏನು ಅಂತ ಹೇಳಲು ಅವರಿಲ್ಲದಿದ್ದರೆ ಆ ಪುಸ್ತಕ ಇದ್ದೂ ನನಗೆ ಪ್ರಯೋಜನವಿರಲಿಲ್ಲ. ಶಿಗ್ಗಾಂವಿ ತಾಲ್ಲೂಕಿನ ಗೊಟಗೋಡಿಯಲ್ಲಿ 2011ರಿಂದ ಜಾನಪದ ವಿಶ್ವವಿದ್ಯಾಲಯವೇ ಇದೆ. ಲಾವಣಿ, ಡೊಳ್ಳು ನಮ್ಮ ಜಾನಪದವಾದರೆ, ಚಕ್ಕಡಿಯಲ್ಲಿ ಬಂದ ಟಿವಿಯ ಮುಂದೆ ಓಣಿಯೆಲ್ಲ ಕೂತು ಬೆಳಗು ಮಾಡಿದ್ದೂ ಅದೇ ಅಲ್ಲವೇ?

ರಾತ್ರಿ ಮನೆಗೆ ಬಂದು ಅತ್ತೆಗೆ ಎಲ್ಲ ಹೇಳಿದೆ. ಸೆಲ್ಲೋಟೇಪು, ಸುಳ್ಳು, ಪ್ರಸಾದ್, ಎಲ್ಲ. ಅತ್ತೆ ಅಡುಗೆಮನೆಯ ಬಾಗಿಲಲ್ಲಿ ನಿಂತು ಕೇಳಿದರು. ಬೈಯಲಿಲ್ಲ, ಅಳಲೂ ಇಲ್ಲ. ಕ್ಯಾಸೆಟ್ಟನ್ನು ಮತ್ತೆ ಅದೇ ಎರಡು ಚೀಲದಲ್ಲಿ ಸುತ್ತಿ ಟ್ರಂಕಿಗೆ ಹಾಕಿದರು. ನನ್ನ ಜೊತೆ ಅವತ್ತು ಮತ್ತೆ ಮಾತಾಡಲಿಲ್ಲ.

ಮರುದಿನ ಬೆಳಿಗ್ಗೆ ಬೆಂಗಳೂರಿನ ಬಸ್ಸಿಗೆ ಹೊರಟಾಗ ಬುತ್ತಿ ಗಂಟು ಕೈಗಿಡುತ್ತ ಕೇಳಿದರು: "ಅಪ್ಪ ಎಷ್ಟು ಸಲ ನೋಡಿದ್ದ ಅಂದಿ?"

"ಹದಿನಾಕು ಸಲ, ಅತ್ತಿ."

"ಹಾಡತಿದ್ನಂತ?"

"ಹೂಂ. ಗಿರಾಕಿ ನಿಂತು ಕೇಳತಿದ್ರಂತ."

"ಹಂಗಾರ ಹುಡುಗಿ ಮದುವಿಗೆ ಆ ಅಂಗಡ್ಯಾಂವಗ ಹೇಳಿಕಳಿಸೂನು. ಬಂದು ಮಂದಿ ಮುಂದ ಅದನ್ನ ಹೇಳ್ಲಿ" ಅಂದರು.

ಕಾಕಾಗೆ ಫೋನ್ ಮಾಡಿದ್ದೇನೆ, ಬರುತ್ತೇನೆ ಅಂದಿದ್ದಾರೆ. ಸವಣೂರಿನ ಚಾಚಾ ಆ ಡಬ್ಬಿಯ ಮದುವೆಗಳ ಹೆಸರು, ಊರು ಬರೆದು ಕೊಡಲು ಒಪ್ಪಿದ್ದಾರೆ. ಸುತ್ತಲಿನ ಹಳ್ಳಿಗಳಲ್ಲಿ ವಿಚಾರಿಸಿ ಅವರವರಿಗೆ ಮುಟ್ಟಿಸಬೇಕು, ಬೂಷ್ಟು ಹಿಡಿದವನ್ನು ಮೊದಲು ಸ್ವಚ್ಛ ಮಾಡಿಸಬೇಕು. ಇನ್ನೂ ಓಡುವ ಒಂದು ಯಂತ್ರಕ್ಕಾಗಿ ಹುಡುಕುತ್ತಿದ್ದೇನೆ.

ನಿಮ್ಮ ಮನೆಯ ಅಟ್ಟದಲ್ಲೂ ಇಂಥದ್ದೊಂದು ಇದ್ದರೆ ಈ ವಾರವೇ ಕೆಳಗಿಳಿಸಿ ನೋಡಿ. ಬಿಳಿ ಪುಡಿ ಕಂಡರೆ ಯಂತ್ರಕ್ಕೆ ಹಾಕಬೇಡಿ. ಇಡುವಾಗ ಪುಸ್ತಕದಂತೆ ನಿಲ್ಲಿಸಿ ಇಡಿ, ಮಲಗಿಸಬೇಡಿ. ಹಾಗೇ ನಿಮ್ಮೂರಿನ ಕ್ಯಾಸೆಟ್ ಅಂಗಡಿಯವರು ಇನ್ನೂ ಇದ್ದರೆ ಒಮ್ಮೆ ಹೋಗಿ ಮಾತಾಡಿಸಿ ಬನ್ನಿ. ನಿಮ್ಮ ಮನೆಯವರದ್ದೂ ಅಲ್ಲಿ ಏನಾದರೂ ಬಾಕಿ ಇರಬಹುದು.